ಕಡೆಯ ಬರವು ಖಾಲಿ: ನೆಳಲಸೀಮೆಯ ಜೋಗುಳ ಕಟ್ಟಿದ ಬಗೆ

(ಕಲ್ಪಿತ ಲೋಕಗಳನ್ನು ಕಟ್ಟಿ ಕತೆ ಬರೆಯುವವರಿಗಾಗಿ ಮೈಸೂರಿನಲ್ಲಿ ಕೊಟ್ಟ ಉಪನ್ಯಾಸದ ಬರಹ ರೂಪ)

ಎಲ್ಲರಿಗೂ ನಮಸ್ಕಾರ. ಮಗು ಮಲಗಿಸಿದ ಯಾರಿಗಾದರೂ ಗೊತ್ತಿರುವ ಸಂಗತಿಯಿಂದ ಶುರು ಮಾಡುತ್ತೇವೆ. ಜೋಗುಳ ಎತ್ತಿಕೊಳ್ಳುವುದು ಸುಲಭ, ನಿಲ್ಲಿಸುವುದು ಕಷ್ಟ. ಕೂಸಿನ ರೆಪ್ಪೆ ಮುಚ್ಚಿದೆ, ಮುಷ್ಟಿ ಸಡಿಲವಾಗಿದೆ, ಇನ್ನೇನು ಮಲಗಿತು ಎಂದುಕೊಂಡು ಹಾಡು ನಿಲ್ಲಿಸಿ, ಹಗ್ಗ ಬಿಟ್ಟು ಎದ್ದರೆ, ಬಾಗಿಲು ದಾಟುವ ಮೊದಲೇ ತೊಟ್ಟಿಲೊಳಗೆ ಕೊಸರಾಟ ಶುರುವಾಗುತ್ತದೆ. ಸದ್ದಿಗೆ ಎಚ್ಚರವಾಗದ ಕೂಸು ಸದ್ದು ನಿಂತದ್ದಕ್ಕೆ ಎಚ್ಚರವಾಗುತ್ತದೆ. ಇವತ್ತು ಹೇಳಲಿರುವ ಮಾಯಾ ಜೋಗುಳದ ಕಟ್ಟುಪಾಡುಗಳೆಲ್ಲ ಈ ಒಂದು ಕಷ್ಟದ ಸುತ್ತಲೇ ಬೆಳೆದವು.

ನೆಳಲಸೀಮೆ ನಾವು ಕತೆಗಾಗಿ ಕಟ್ಟಿದ ಲೋಕ, ಯಾವ ನಕ್ಷೆಯಲ್ಲೂ ಇಲ್ಲ. ಅಲ್ಲಿನ ತೊಲೆ, ಹಗ್ಗ, ಹಣತೆ, ಒಳಲೆ, ಗುಂಡುಕಲ್ಲು ಮಾತ್ರ ನಮ್ಮ ಮೈಸೂರು, ಮಂಡ್ಯದ ಕಡೆಯ ಹಳೆಯ ಮನೆಗಳಿಂದಲೇ ಹೋದವು. ಮಾಯೆಯ ಹಾಡು ಬರೆಯಬೇಕು ಎಂದ ಕೂಡಲೇ ಹುಣ್ಣಿಮೆ, ಕಾಡು, ಬೆಳ್ಳಿಯ ತಂತಿವಾದ್ಯ ಎಂದು ಹೊರಗಿನ ಸಾಮಾನು ಹುಡುಕುವುದನ್ನು ನೋಡುತ್ತಿರುತ್ತೇವೆ. ಜೋಗುಳಕ್ಕೆ ಅವು ಯಾವುವೂ ಬೇಡ. ಅದು ಒಂದು ಕೋಣೆ, ಒಂದು ದೀಪ, ಒಂದು ಹಗ್ಗದ ಕೆಲಸ.

ಜೋಗುಳವನ್ನು ಮಂತ್ರವಾಗಿ ಬಳಸುವುದು ನಮ್ಮ ಕಲ್ಪನೆಯೇನೂ ಅಲ್ಲ. ಸುಮಾರು 4,000 ವರ್ಷ ಹಿಂದಿನ ಬ್ಯಾಬಿಲೋನಿನ ಜೇಡಿಮಣ್ಣಿನ ಹಲಗೆಯೊಂದರಲ್ಲಿ ಅಳುವ ಕೂಸನ್ನು ಸುಮ್ಮನಾಗಿಸುವ ಪದ ಇದೆ. ಕತ್ತಲ ಮನೆಯೊಳಗಿನ ಕೂಸು ಅತ್ತದ್ದರಿಂದ ಮನೆದೇವರ ನಿದ್ದೆ ಕೆಟ್ಟಿತು ಎಂಬ ಭಯ ಆ ಪದದಲ್ಲಿದೆ. ಅಂದರೆ ಅಲ್ಲಿಯೂ ಮಲಗಿಸಬೇಕಾದವರು ಇಬ್ಬರು: ಕಣ್ಣಿಗೆ ಕಾಣುವ ಕೂಸು, ಕಾಣದ ಇನ್ನೊಂದು. ನೆಳಲಸೀಮೆಯಲ್ಲಿ ಆ ಇನ್ನೊಂದು ಯಾವುದೆಂದರೆ ಕೂಸಿನ ನೆಳಲು.

ಅಲ್ಲಿ ನೆಳಲು ಹುಟ್ಟುವಾಗಲೇ ಮೈಗೆ ಅಂಟಿಕೊಂಡು ಬರುವುದಿಲ್ಲ. ಮೊದಲ ಹಾಲುಹಲ್ಲು ಬೀಳುವವರೆಗೆ ಅದು ಸಡಿಲ. ಹಗಲು ಸೂರ್ಯ ಹಿಡಿದಿಟ್ಟಿರುತ್ತಾನೆ. ದೀಪ ಹಚ್ಚುವ ಹೊತ್ತಿಗೆ ಅದು ಕಳಚಿಕೊಳ್ಳಲು ನೋಡುತ್ತದೆ, ಕತ್ತಲು ದಟ್ಟವಾಗಿರುವ ಕಡೆಗೆ, ಕಣಜದ ಅಡಿಗೋ ಅಟ್ಟದ ಮೂಲೆಗೋ ಜಾರುತ್ತದೆ. ಕೂಸು ಮಲಗಿದ್ದೂ ನೆಳಲು ಎಚ್ಚರವಾಗಿದ್ದರೆ ಬೆಳಗಾಗುವಷ್ಟರಲ್ಲಿ ಅದು ಹೋಗಿರುತ್ತದೆ. ಅಂಥ ಕೂಸು ಸಾಯುವುದಿಲ್ಲ. ಹಸಿವಾದರೂ ಅಳುವುದಿಲ್ಲ, ಅಷ್ಟೆ. ಅಳದ ಕೂಸನ್ನು ಕಂಡು ಅಲ್ಲಿನ ತಾಯಂದಿರು ಹೆದರುವಷ್ಟು ಅಳುವ ಕೂಸನ್ನು ಕಂಡು ಹೆದರುವುದಿಲ್ಲ.

ಹಗ್ಗ ಎಷ್ಟುದ್ದವೋ ಹಾಡು ಅಷ್ಟು ನಿಧಾನ

ಈ ಭಾಗದಲ್ಲಿ ಸ್ವಲ್ಪ ಹೆಚ್ಚು ಹೊತ್ತು ನಿಲ್ಲುತ್ತೇವೆ. ಜೋಗುಳದ ಲಯವನ್ನು ಗೊತ್ತುಮಾಡುವುದು ಹಾಡುವವಳು ಎಂದು ನಾವೆಲ್ಲ ತಿಳಿದಿರುತ್ತೇವೆ. ನಿಜಕ್ಕೂ ಗೊತ್ತುಮಾಡುವುದು ಮನೆಯ ಎತ್ತರ.

ತೊಲೆಗೆ ಕಟ್ಟಿದ ತೊಟ್ಟಿಲು ಒಂದು ಲೋಲಕ. ಅದು ಒಮ್ಮೆ ಹೋಗಿ ಬರಲು ಹಿಡಿಯುವ ಹೊತ್ತು ಹಗ್ಗದ ಉದ್ದವನ್ನು ನೆಚ್ಚಿಕೊಂಡಿದೆಯೇ ಹೊರತು ಕೂಸಿನ ತೂಕವನ್ನಲ್ಲ. ತೊಲೆಯಿಂದ ಕೂಸು ಮಲಗಿದ ಜಾಗಕ್ಕೆ 5 ಮೊಳ, ಅಂದರೆ ಸುಮಾರು 2.25 ಮೀಟರ್ ಇದ್ದರೆ ಒಂದು ತೂಗಿಗೆ 3 ಸೆಕೆಂಡು. ನಿಮಿಷಕ್ಕೆ 20 ತೂಗು. 3 ಮೊಳವೇ ಇದ್ದರೆ ಒಂದು ತೂಗಿಗೆ ಸುಮಾರು 2.3 ಸೆಕೆಂಡು, ನಿಮಿಷಕ್ಕೆ 25ರ ಮೇಲೆ. ಹಗ್ಗ ಅರ್ಧವಾದರೆ ಹೊತ್ತು ಅರ್ಧವಾಗುವುದಿಲ್ಲ. ಅರ್ಧ ಹೊತ್ತಿಗೆ ತೂಗಬೇಕಾದರೆ ಹಗ್ಗ ಕಾಲುಭಾಗವಾಗಬೇಕು. ಲೋಕ ಕಟ್ಟುವವರು ಈ ಲೆಕ್ಕವನ್ನು ಒಮ್ಮೆ ನಿಜವಾದ ಹಗ್ಗಕ್ಕೆ ಗುಂಡುಕಲ್ಲು ಕಟ್ಟಿ ನೋಡಿಕೊಳ್ಳುವುದು ಒಳ್ಳೆಯದು.

ನೆಳಲಸೀಮೆಯ ಬಯಲಿನಲ್ಲಿ ತೊಟ್ಟಿಮನೆಗಳು, ತೊಲೆ ಎತ್ತರ, ಹಗ್ಗ 5 ಮೊಳ. ಅಲ್ಲಿ ತೂಗಿನ ಎರಡು ಅರ್ಧಗಳಿಗೂ ಹೆಸರಿದೆ. ಕೈಯಿಂದ ದೂರ ಹೋಗುವುದು ಹೋಕು, ಮರಳಿ ಬರುವುದು ಬರವು. ಒಂದೊಂದಕ್ಕೂ ಒಂದೂವರೆ ಸೆಕೆಂಡು. ಕೈ ನೂಕುವುದು ಹೋಕಿನಲ್ಲಿ ಮಾತ್ರ. ಬರವಿನಲ್ಲಿ ಕೈ ಹಗ್ಗದ ಮೇಲೆ ಸುಮ್ಮನೆ ಇರುತ್ತದೆ, ಎಳೆಯುವುದಿಲ್ಲ.

ಈ ಲೆಕ್ಕದ ಮೇಲೆ ತ್ರಿಪದಿ ಕೂರುವ ಬಗೆಯನ್ನು ನೋಡಿ. ತ್ರಿಪದಿ ನಮಗೆ ಹಳೆಯದು, ಸುಮಾರು ಕ್ರಿ.ಶ. 700ರ ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲೇ ಇದೆ. ಅಕ್ಷರಗಳ ಒಂದೊಂದು ಗುಂಪಿಗೆ ಗಣ ಎನ್ನುತ್ತಾರೆ. ಮೊದಲ ಸಾಲಿಗೆ 4 ಗಣ, ಎರಡನೆಯದಕ್ಕೆ 4, ಮೂರನೆಯದಕ್ಕೆ 3, ಒಟ್ಟು 11. ಆರನೆಯದು ಮತ್ತು ಹತ್ತನೆಯದು ಗಿಡ್ಡವಾದ ಬ್ರಹ್ಮಗಣ, ಉಳಿದವು ವಿಷ್ಣುಗಣ. ಒಂದು ಗಣಕ್ಕೆ ಅರ್ಧ ತೂಗು ಕೊಡುತ್ತ ಹೋಗಿ. ಬೆಸ ಗಣಗಳೆಲ್ಲ ಹೋಕಿನಲ್ಲಿ, ಸಮ ಗಣಗಳೆಲ್ಲ ಬರವಿನಲ್ಲಿ ಬೀಳುತ್ತವೆ. ಎರಡು ಗಿಡ್ಡ ಗಣಗಳೂ ಬರವಿನಲ್ಲೇ ಬೀಳುತ್ತವೆ, ಕೈಗೆ ಕೆಲಸವಿಲ್ಲದ ಕಡೆ. ಅಲ್ಲಿ ಅಕ್ಷರ ಕಡಿಮೆ ಇರುವುದರಿಂದ ದನಿಯನ್ನು ಎಳೆಯಬೇಕಾಗುತ್ತದೆ. ಜೋಗುಳಕ್ಕೆ ಆ ಓಲಾಟ ಬರುವುದು ಆ ಎಳೆತದಿಂದ.

ಹನ್ನೊಂದು ಗಣ ಮುಗಿಯುವಾಗ ತೊಟ್ಟಿಲು ಆರನೆಯ ಹೋಕಿನ ತುದಿಯಲ್ಲಿರುತ್ತದೆ. ಅದು ಬರಬೇಕು. ಹಾಡು ಮುಗಿದಿದೆ, ಬರವು ಉಳಿದಿದೆ. ನಮ್ಮ ಮನೆಗಳಲ್ಲಿ ಆ ಜಾಗದಲ್ಲಿ ಹಾಡುವವಳು ಉಸಿರೆಳೆದುಕೊಳ್ಳುತ್ತಾಳೆ. ನೆಳಲಸೀಮೆಯ ಜೋಗುಳದ ಮಾಯೆಯೆಲ್ಲ ಇರುವುದು ಆ ಒಂದೂವರೆ ಸೆಕೆಂಡಿನಲ್ಲಿ. ಹಾಡಿದ ಹನ್ನೊಂದು ಕೂಸಿನವು, ಹಾಡದ ಹನ್ನೆರಡನೆಯದು ನೆಳಲಿನದು. ನೆಳಲಿಗೆ ಕಿವಿಯಿಲ್ಲ, ಮಾತು ಕೇಳುವುದಿಲ್ಲ, ಮಾತು ನಿಂತದ್ದು ಮಾತ್ರ ಅದಕ್ಕೆ ತಿಳಿಯುತ್ತದೆ ಎಂಬುದು ಅಲ್ಲಿನವರ ನಂಬಿಕೆ.

ಅದಕ್ಕಾಗಿಯೇ ಆ ಬರವನ್ನು ಯಾವುದರಿಂದಲೂ ತುಂಬಬಾರದು. ಜೋ ಎನ್ನಬಾರದು, ಲೊಚಗುಟ್ಟಬಾರದು, ಬಳೆ ಕೂಡ ಸದ್ದು ಮಾಡಬಾರದು. ಹಗ್ಗ ಹಿಡಿದ ಕೈಯ ಬಳೆಗಳನ್ನು ಮೊಣಕೈವರೆಗೆ ಏರಿಸಿ ಸೆರಗಿನ ತುದಿಯಿಂದ ಬಿಗಿದಿರುತ್ತಾರೆ. ಮಂಟೇಸ್ವಾಮಿ ಕಥೆ ಹಾಡುವ ನಮ್ಮ ನೀಲಗಾರರಲ್ಲಿ ಮುಂದಾಳು ಸಾಲು ಬಿಟ್ಟ ಜಾಗವನ್ನು ಹಿಮ್ಮೇಳ ಎತ್ತಿಕೊಳ್ಳುತ್ತದೆ, ಇರುಳಿಡೀ ಹಾಡು ಕಡಿಯುವುದಿಲ್ಲ. ಇಲ್ಲಿ ಅದಕ್ಕೆ ತದ್ವಿರುದ್ಧ. ಬಿಟ್ಟ ಜಾಗ ಬಿಟ್ಟೇ ಇರಬೇಕು. ತ್ರಿಪದಿಯನ್ನು ಹಾಡುವಾಗ ಎರಡನೆಯ ಸಾಲನ್ನು ಮತ್ತೆ ಹಾಡುವ ರೂಢಿ ನಮ್ಮಲ್ಲಿದೆಯಲ್ಲ, ನೆಳಲ ಜೋಗುಳದಲ್ಲಿ ಅದೂ ಇಲ್ಲ. ಸಾಲು ಹಿಂದಿರುಗಿದರೆ ಇಳಿಯುತ್ತಿದ್ದ ನೆಳಲೂ ಹಿಂದಿರುಗುತ್ತದೆ.

ಒಂದು ಪದಕ್ಕೆ, ಅಂದರೆ ಮೂರು ಸಾಲಿನ ಒಂದು ತ್ರಿಪದಿಗೆ, 6 ತೂಗು, 18 ಸೆಕೆಂಡು. ಖಾಲಿ ಬರವಿನಲ್ಲಿ ಕೂಸು ಅತ್ತರೆ ಆ ಪದ ಲೆಕ್ಕಕ್ಕಿಲ್ಲ, ಮತ್ತೆ ಹಾಡಬೇಕು. ಬೇರೆ ಎಲ್ಲಿ ಅತ್ತರೂ ಅಡ್ಡಿಯಿಲ್ಲ.

ದೀಪ

ದೀಪ ಇಡುವುದರಲ್ಲಿ ಆಗುವಷ್ಟು ತಪ್ಪು ಹಾಡುವುದರಲ್ಲಿ ಆಗುವುದಿಲ್ಲ. ಹಣತೆ ಒಂದೇ, ಬತ್ತಿ ಒಂದೇ. ಎರಡು ಬತ್ತಿ ಹಚ್ಚಿದರೆ ಗೋಡೆಯ ಮೇಲೆ ಎರಡು ನೆಳಲು ಬೀಳುತ್ತವೆ, ಯಾವುದನ್ನು ಮಲಗಿಸಿದೆವು ಎಂದು ತಿಳಿಯುವುದಿಲ್ಲ. ಹುಣ್ಣಿಮೆಯ ಆಸುಪಾಸಿನಲ್ಲಿ ಬೆಳಕಿಂಡಿಗೆ ಗೋಣಿತಾಟು ಅಡ್ಡ ಕಟ್ಟುವುದು ಇದಕ್ಕೇ. ಬತ್ತಿಯ ತುದಿ ಎಣ್ಣೆಯಿಂದ ಒಂದು ಜೀರಿಗೆ ಕಾಳಿನಷ್ಟು ಮಾತ್ರ ಮೇಲೆದ್ದಿರಬೇಕು. ಉರಿ ದೊಡ್ಡದಾದರೆ ನೆಳಲಿನ ಅಂಚು ಮಸುಕಾಗುತ್ತದೆ, ಅಂಚು ಮಸುಕಾದ ನೆಳಲಿಗೆ ತನ್ನ ಮೈ ಎಲ್ಲಿ ಮುಗಿಯಿತು ಎಂದು ಗೊತ್ತಾಗುವುದಿಲ್ಲ. ಎಣ್ಣೆ ಹರಳೆಣ್ಣೆ, ಒಂದು ಒಳಲೆ. ಮಗುವಿಗೆ ಹಾಲು ಕುಡಿಸುವಂಥದೇ ಒಳಲೆಯಲ್ಲಿ ಅಳೆಯುತ್ತಾರೆ, ಅದಕ್ಕಾಗಿ ಇನ್ನೊಂದು ಒಳಲೆ ಇಟ್ಟಿರುತ್ತಾರೆ ಎಂದು ಹೇಳಬೇಕಿಲ್ಲ.

ದೂರದ ಲೆಕ್ಕ ಹೀಗೆ. ಗೋಡೆಯಿಂದ ತೊಟ್ಟಿಲು 1 ಮೊಳ, ತೊಟ್ಟಿಲಿನಿಂದ ದೀಪ 4 ಮೊಳ. ನೆಳಲು ಕೂಸಿಗಿಂತ ಎಷ್ಟು ದೊಡ್ಡದು ಎಂದು ತಿಳಿಯಬೇಕಾದರೆ ದೀಪದಿಂದ ಗೋಡೆಗಿರುವ ದೂರವನ್ನು ದೀಪದಿಂದ ತೊಟ್ಟಿಲಿಗಿರುವ ದೂರದಿಂದ ಭಾಗಿಸಬೇಕು. ಇಲ್ಲಿ ಐದಕ್ಕೆ ನಾಲ್ಕು, ಅಂದರೆ ಒಂದೂಕಾಲು ಪಟ್ಟು. ಕಣ್ಣಿಗೆ ಹಿತವಾಗಲಿ ಎಂದು ದೀಪವನ್ನು ಹತ್ತಿರ ತಂದು ತೊಟ್ಟಿಲಿನಿಂದ 1 ಮೊಳಕ್ಕೆ ಇಟ್ಟರೆ ನೆಳಲು ಎರಡು ಪಟ್ಟು, ಅದರ ತೂಗಾಟವೂ ಎರಡು ಪಟ್ಟು. ಅಷ್ಟು ದೊಡ್ಡ ನೆಳಲು ಸಣ್ಣ ತೊಟ್ಟಿಲಿಗೆ ಇಳಿಯುವುದಿಲ್ಲ, ಕಾಲೋ ತಲೆಯೋ ಗೋಡೆಯ ಮೇಲೇ ಉಳಿಯುತ್ತದೆ.

ದೀಪದ ಎತ್ತರ ತೊಟ್ಟಿಲಿನ ಮಟ್ಟಕ್ಕೇ ಇರಬೇಕು. ನೆಲದ ಮೇಲಿಟ್ಟರೆ ನೆಳಲು ಗೋಡೆ ಹತ್ತಿ ಜಂತೆಗೆ ಹೋಗುತ್ತದೆ. ತೊಟ್ಟಿಲು ಗೋಡೆಗುಂಟ ತೂಗಬೇಕು. ದೀಪದ ಕಡೆಗೂ ಗೋಡೆಯ ಕಡೆಗೂ ತೂಗಿದರೆ ನೆಳಲು ಒಮ್ಮೆ ಹಿಗ್ಗಿ ಒಮ್ಮೆ ಕುಗ್ಗಿ ಏದುಸಿರು ಬಿಡುವ ಹಾಗೆ ಕಾಣುತ್ತದೆ. ಹಾಡುವವಳು ಕೂರುವುದು ತೊಟ್ಟಿಲಿನ ತಲೆಯ ಪಕ್ಕದಲ್ಲಿ, ಗೋಡೆಗೆ ಒರಗಿ. ಅವಳ ಜೊತೆಗೊಬ್ಬಳು ಎಣಿಕೆಯವಳು ಇರುತ್ತಾಳೆ, ಅವಳು ದೀಪದ ಹಿಂದೆ. ಇಬ್ಬರಲ್ಲಿ ಯಾರೂ ದೀಪಕ್ಕೂ ತೊಟ್ಟಿಲಿಗೂ ನಡುವೆ ಬರಕೂಡದು. ಬೆಕ್ಕನ್ನು ಮೊದಲೇ ಹೊರಗೆ ಹಾಕಿರುತ್ತಾರೆ.

ಎಣಿಕೆಯವಳ ಎಡಗೈಯಲ್ಲಿ 40 ಹುಣಸೆಬೀಜ. ಒಂದು ಪದ ಮುಗಿದರೆ ಒಂದು ಬೀಜ ಬಲಗೈಗೆ. ಹಾಡುವವಳು ತೂಕಡಿಸಿದರೆ ಅವಳ ಕಾಲಿನ ಹೆಬ್ಬೆರಳಿಗೆ ಕಟ್ಟಿದ ನೂಲನ್ನು ಮೆಲ್ಲಗೆ ಜಗ್ಗುವುದೂ ಅವಳ ಕೆಲಸ. ಜೋಗುಳಕ್ಕೆ ಮೊದಲು ನಿದ್ದೆ ಬರುವುದು ಹಾಡುವವರಿಗೇ ಅಲ್ಲವೇ. ಮಾಯೆಯ ಕತೆಗಳಲ್ಲಿ ಮಂತ್ರ ಹಾಕಿದವರಿಗೆ ಮಂತ್ರ ತಟ್ಟುವುದಿಲ್ಲ ಎಂದು ಬರೆದುಬಿಡುತ್ತಾರೆ. ಜೋಗುಳದ ವಿಷಯದಲ್ಲಿ ಹಾಗೆ ಬರೆದರೆ ಯಾವ ತಾಯಿಯೂ ಒಪ್ಪುವುದಿಲ್ಲ.

ನಲವತ್ತು ಪದ

ಹಾಡಿಗೆ ನಾಲ್ಕು ಭಾಗ: ಕರೆ 4 ಪದ, ಒಪ್ಪು 12, ತೂಗು 16, ಇಳಿತ 8. ಒಟ್ಟು 40 ಪದ, 12 ನಿಮಿಷ.

ಕರೆಯ ಮೊದಲ ಪದ ಇದು:

ಗೋಡೆಯಾ ಮ್ಯಾಲಾಡೊ ಜೋಡಿಯಾ ನೆಳ್ಳವ್ವ
ಹಾಡೀಗೆ ಇಳಿದು ನೀ ಬಾರೆ ತೊಟ್ಟೀಲ
ಗೂಡೀಗೆ ಸೇರಿ ಮಲಗವ್ವ

ಎರಡನೆಯ ಸಾಲಿನ ‘ಇಳಿದು’, ಮೂರನೆಯ ಸಾಲಿನ ‘ಸೇರಿ’, ಇವೆರಡೂ ಗಿಡ್ಡ ಗಣಗಳು. ಎರಡೂ ಬರವಿನಲ್ಲಿ ಬೀಳುತ್ತವೆ. ಇಳಿ, ಸೇರು ಎಂಬ ಮಾತುಗಳನ್ನು ಮರಳಿ ಬರುವ ತೊಟ್ಟಿಲಿನ ಮೇಲೆಯೇ ಇಡಬೇಕು. ಹೋಗು, ಬಿಡು, ಏಳು ಎಂಬರ್ಥದ ಮಾತು ಬರವಿನಲ್ಲಿ ಬಿದ್ದರೆ ಮಾತು ಒಂದು ಹೇಳುತ್ತದೆ, ತೊಟ್ಟಿಲು ಇನ್ನೊಂದು ಹೇಳುತ್ತದೆ. ಪದ ಬರೆಯುವವರು ಮೊದಲು ಈ ಎರಡು ಗಣಗಳನ್ನು ತುಂಬಿಕೊಂಡು, ಆಮೇಲೆ ಉಳಿದದ್ದನ್ನು ಕಟ್ಟಿಕೊಂಡರೆ ಒದ್ದಾಟ ಕಡಿಮೆ.

ಒಪ್ಪು ಎಂದರೆ ಅಳತೆ ನೋಡುವುದು. ನೆಳಲು ಮೈಗೆ ತಾಗಿರುವುದು ಪಾದದಲ್ಲಾದ್ದರಿಂದ ಅಲ್ಲಿಂದಲೇ ಶುರು: ಅಂಗಾಲು, ಹಿಮ್ಮಡಿ, ಮೊಣಕಾಲು, ತೊಡೆ, ಸೊಂಟ, ಹೊಟ್ಟೆ, ಎದೆ, ಬೆನ್ನು, ತೋಳು, ಅಂಗೈ, ಕತ್ತು, ನೆತ್ತಿ. ಒಂದಕ್ಕೆ ಒಂದು ಪದ. ಅವುಗಳಿಗೆಲ್ಲ ಮಾದರಿಯಾದ ಪದ ಹೀಗಿದೆ:

ಕಾಲಿಗೇ ಕಾಲೊಪ್ಪಿ ತೋಳಿಗೇ ತೋಳೊಪ್ಪಿ
ಕಾಲಿಂದ ಮೊದಲು ಅಳತೇಯ ನೋಡವ್ವ
ಸಾಲದಾ ತಾವು ಇರಬಾರ್ದು

ಪಟ್ಟಿಯಲ್ಲಿ ಕಣ್ಣಿಲ್ಲ ಎಂಬುದನ್ನು ಗಮನಿಸಿರಬಹುದು. ಕಣ್ಣಿನ ಹೆಸರು ಹೇಳಿದರೆ ನೆಳಲಿಗೆ ಕಣ್ಣು ಬಿಟ್ಟಿತೆಂದೇ ಲೆಕ್ಕ, ಕಣ್ಣು ಬಂದ ನೆಳಲನ್ನು ಮತ್ತೆ ಮಲಗಿಸಿದವರಿಲ್ಲ. ಕೂಸಿನ ಹೆಸರನ್ನೂ ಹಾಡುವಂತಿಲ್ಲ. ಆ ಹೆಸರಿಗೆ ನೆಳಲು ಓಗೊಡುವುದನ್ನು ಕಲಿತರೆ ಮುಂದೆ ಯಾರು ಕರೆದರೂ ಇಬ್ಬರೂ ತಿರುಗಿ ನೋಡುತ್ತಾರೆ. ಹಾಗಾಗಿ ಅವ್ವ, ಕಂದ, ಕೂಸು ಇಷ್ಟೇ.

ಮೂರನೆಯ ಭಾಗವಾದ ತೂಗಿನ 16 ಪದಗಳಿಗೆ ಕಟ್ಟುನಿಟ್ಟಿಲ್ಲ. ಅವರವರ ಮನೆಯ ಪದ, ಹೊಲ, ತೊರೆ, ಎತ್ತು, ಅಜ್ಜಿಯ ಊರು, ಏನು ಬೇಕಾದರೂ ಬರಬಹುದು. ಹೆಂಗಸರು ಹೊಸದು ಕಟ್ಟುವುದು ಇಲ್ಲೇ. ಧಾಟಿ ನಾಲ್ಕೈದು ಸ್ವರದೊಳಗೆ ಆಡಿಕೊಂಡಿರುತ್ತದೆ. ನಮ್ಮ ಕಛೇರಿಗಳಲ್ಲಿ ಜೋಗುಳಕ್ಕೆಂದೇ ಹಾಡುವ ನೀಲಾಂಬರಿಯ ಹಾಗೆ ಬಳುಕುವುದಿಲ್ಲ. ನೀಲಾಂಬರಿ ಕೇಳಲು ಕಿವಿ ತೆರೆದು ಕೂರಬೇಕು. ಕೋಣೆಯ ಜೋಗುಳ ಕಿವಿ ಮುಚ್ಚಿಸುವುದಕ್ಕೆ ಇರುವುದು.

ಇಳಿತ

ಇನ್ನು ಮೊದಲು ಹೇಳಿದ ಕಷ್ಟಕ್ಕೆ ಬರೋಣ. ಎಂಟು ಪದಗಳಲ್ಲಿ ಮಾತನ್ನು ಕಳಚುತ್ತ ಹೋಗುತ್ತಾರೆ. ಮೊದಲ 2 ಪದ ಪೂರ್ತಿ. ಮುಂದಿನ 3 ಪದಗಳಲ್ಲಿ ಮೂರನೆಯ ಸಾಲಿಗೆ ಮಾತಿಲ್ಲ, ಬಾಯಿ ಮುಚ್ಚಿ ಊಂ ಎಂಬ ಗುನುಗು. ಆಮೇಲಿನ 2 ಪದಗಳಲ್ಲಿ ಎರಡನೆಯ ಸಾಲೂ ಗುನುಗು. ಕಡೆಯ ಒಂದು ಪದ ಇಡೀ ಗುನುಗು. ಖಾಲಿ ಬರವು ಮಾತ್ರ ಎಂಟರಲ್ಲೂ ಖಾಲಿಯೇ. ಮಾತು ಇಷ್ಟಿಷ್ಟೇ ಕರಗಿ ಕೊನೆಗೆ ನಿಂತಾಗ, ನಿಂತದ್ದು ಗೊತ್ತೇ ಆಗಬಾರದು.

ಜೊತೆಜೊತೆಗೆ ತೂಗಿನ ಹರವನ್ನೂ ಇಳಿಸುತ್ತಾರೆ. ಶುರುವಿನಲ್ಲಿ ತೊಟ್ಟಿಲು ನಡುವಿನಿಂದ 1 ಮೊಳ ಆಚೆ ಹೋಗುತ್ತಿದ್ದದ್ದು ಇಳಿತದಲ್ಲಿ ಒಂದು ಗೇಣಿಗೆ, ಕಡೆಯ ಪದದಲ್ಲಿ ನಾಲ್ಕು ಬೆರಳಿಗೆ ಬರಬೇಕು. ಹೊಸದಾಗಿ ಕಲಿಯುವವರೆಲ್ಲರೂ ತಪ್ಪುವುದು ಇಲ್ಲೇ. ಹರವು ಕಡಿಮೆಯಾಗುವಾಗ ಹಾಡನ್ನೂ ನಿಧಾನ ಮಾಡಬೇಕು ಎಂದು ಮನಸ್ಸಿಗೆ ಅನ್ನಿಸುತ್ತದೆ. ಮಾಡಬಾರದು. ತೊಟ್ಟಿಲು ನಾಲ್ಕು ಬೆರಳು ತೂಗಿದರೂ ಒಂದು ಮೊಳ ತೂಗಿದರೂ ಹಿಡಿಯುವ ಹೊತ್ತು ಹೆಚ್ಚು ಕಡಿಮೆ ಅದೇ 3 ಸೆಕೆಂಡು. ಹಾಡು ನಿಧಾನವಾದರೆ ಎರಡೇ ಪದದಲ್ಲಿ ಹಾಡು ಒಂದು ಕಡೆ, ತೊಟ್ಟಿಲು ಇನ್ನೊಂದು ಕಡೆ. ಖಾಲಿ ಇರಬೇಕಾದ ಬರವಿನ ಮೇಲೆ ಮಾತು ಬಿದ್ದಿರುತ್ತದೆ, ನೆಳಲು ಎದ್ದು ಕೂತಿರುತ್ತದೆ. ಸದ್ದು ಇಳಿಯಲಿ, ಹರವು ಇಳಿಯಲಿ, ಲಯ ಇದ್ದ ಹಾಗೇ ಇರಲಿ.

ನಲವತ್ತನೆಯ ಬೀಜ ಬಲಗೈಗೆ ಬಂದ ಮೇಲೆ ಹಾಡುವವಳು ಹಗ್ಗ ಬಿಡುತ್ತಾಳೆ. ತೊಟ್ಟಿಲನ್ನು ಕೈಯಿಂದ ಹಿಡಿದು ನಿಲ್ಲಿಸುವುದಿಲ್ಲ. ತಾನಾಗಿಯೇ ನಿಲ್ಲಬೇಕು. ಆಮೇಲೂ ಇಬ್ಬರೂ ಏಳುವುದಿಲ್ಲ. ಹಗ್ಗ ಬಿಟ್ಟಾಗಿನಿಂದ 8 ನಿಮಿಷ ಕೂತೇ ಇರುತ್ತಾರೆ. ಆ ಎಂಟು ನಿಮಿಷ ನಮ್ಮ ಲೋಕದಿಂದಲೇ ತೆಗೆದುಕೊಂಡದ್ದು. ಜಪಾನಿನ ರೈಕೆನ್ ಸಂಸ್ಥೆಯ ಸಂಶೋಧಕರು 2022ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಅಳುವ ಕೂಸನ್ನು ಎತ್ತಿಕೊಂಡು 5 ನಿಮಿಷ ನಡೆದಾಡಿ, ನಿದ್ದೆ ಹತ್ತಿದ ಮೇಲೆ ಇನ್ನೂ 5ರಿಂದ 8 ನಿಮಿಷ ಎತ್ತಿಕೊಂಡೇ ಕೂತು, ಆಮೇಲೆ ಮಲಗಿಸುವುದು ಒಳ್ಳೆಯದು ಎಂದು ಕಂಡುಕೊಂಡರು. ಹಾಸಿಗೆ ಬೆನ್ನಿಗೆ ತಾಗಿದಾಗಲ್ಲ, ಎತ್ತಿಕೊಂಡವರ ಮೈಯಿಂದ ಬೇರೆಯಾಗಲು ಶುರುವಾದಾಗಲೇ ಕೂಸಿನ ಎದೆಬಡಿತ ಬದಲಾಗುತ್ತಿತ್ತು. ಎಳೆಗೂಸಿನ ನಿದ್ದೆ ರೆಪ್ಪೆ ಅಲುಗುವ, ತುಟಿ ಮಿಸುಕುವ ಹಗುರ ನಿದ್ದೆಯಿಂದ ಶುರುವಾಗುತ್ತದೆ. ಗಾಢವಾಗಲು ಹೊತ್ತು ಬೇಕು. ನೆಳಲಸೀಮೆಯವರು ಇದನ್ನೇ ಅವರ ಮಾತಿನಲ್ಲಿ ‘ಕೂಸು ಮಲಗಿದೆ, ನೆಳಲು ಹೊರಳುತ್ತಿದೆ’ ಎನ್ನುತ್ತಾರೆ.

ಎಂಟು ನಿಮಿಷ ಕಳೆದ ಮೇಲೆ ದೀಪ. ಊದಿ ಆರಿಸಿದರೆ ಉರಿ ಒಮ್ಮೆ ಕುಣಿಯುತ್ತದೆ, ಮಲಗಿದ ನೆಳಲೂ ಜೊತೆಗೆ ಕುಣಿಯುತ್ತದೆ. ಆದ್ದರಿಂದ ಎಣಿಕೆಯವಳು ಬತ್ತಿಯನ್ನು ಕಡ್ಡಿಯಿಂದ ಎಣ್ಣೆಯೊಳಕ್ಕೆ ಎಳೆದು ಶಾಂತ ಮಾಡುತ್ತಾಳೆ. ಏಳುವಾಗ ಮೊದಲು ಅವಳು, ಆಮೇಲೆ ಹಾಡಿದವಳು.

ಕೆಡುವ ಬಗೆಗಳು

ದಿನಾ ಆಗುವ ತಪ್ಪು ಎಂದರೆ ಕೂಸು ಬೇಗ ಮಲಗಿಬಿಡುವುದು. ಹೊಟ್ಟೆ ತುಂಬಿದ ಕೂಸು ಒಪ್ಪು ಮುಗಿಯುವ ಮೊದಲೇ ನಿದ್ದೆ ಹೋಗುತ್ತದೆ, ದಣಿದ ತಾಯಿ ಅಲ್ಲಿಗೇ ಬಿಡುತ್ತಾಳೆ. ನೆಳಲಿಗೆ ಸೊಂಟದವರೆಗೆ ಮಾತ್ರ ಅಳತೆ ಸಿಕ್ಕಿರುತ್ತದೆ. ಬೆಳಿಗ್ಗೆ ಕೂಸಿನ ಕಾಲಿಗೆ ನೆಳಲಿದ್ದು ತಲೆಗೆ ಇರುವುದಿಲ್ಲ. ಅದೇ ಸಂಜೆ ಬಿಟ್ಟ ಪದದಿಂದ ಹಿಡಿದು ಹಾಡಿದರೆ ಸರಿಹೋಗುತ್ತದೆ. ಎರಡು ದಿನ ಬಿಟ್ಟರೆ ಕಷ್ಟ.

ತೊಟ್ಟಿಲನ್ನು ಹೋಕಿನ ತುದಿಯಲ್ಲಿ ಕೈಯಿಂದ ಹಿಡಿದು ನಿಲ್ಲಿಸಿದರೆ ನೆಳಲು ವಾಲಿದ ಹಾಗೇ ಮಲಗುತ್ತದೆ. ಅಂಥವರನ್ನು ದೊಡ್ಡವರಾದ ಮೇಲೂ ಗುರುತು ಹಿಡಿಯಬಹುದು. ನಡುಹಗಲಿನಲ್ಲಿ ಎಲ್ಲರ ನೆಳಲು ಕಾಲಡಿಗೆ ಬಂದಾಗ ಅವರದು ಮಾತ್ರ ಒಂದು ಪಕ್ಕಕ್ಕೆ ಇಣುಕುತ್ತದೆ. ಅಲ್ಲಿ ಅದನ್ನು ಕುಂದು ಎಂದು ಯಾರೂ ಹೀಗಳೆಯುವುದಿಲ್ಲ. ಯಾವುದೋ ಒಂದು ಇರುಳು ಆ ಮನೆಯಲ್ಲಿ ಏನೋ ಅವಸರ ಬಿದ್ದಿತ್ತು ಎಂದು ಅರ್ಥ ಮಾಡಿಕೊಳ್ಳುತ್ತಾರೆ.

ಅವಳಿಮಕ್ಕಳದ್ದೇ ಬೇರೆ ಪಾಡು. ಎರಡು ತೊಟ್ಟಿಲನ್ನು ಒಂದೇ ತೊಲೆಗೆ, ಒಂದೇ ಉದ್ದದ ಹಗ್ಗದಿಂದ ಕಟ್ಟಿ ಒಂದನ್ನು ಮಾತ್ರ ತೂಗಿ ನೋಡಿ. ಸ್ವಲ್ಪ ಹೊತ್ತಿಗೆ ಅದರ ತೂಗು ತೊಲೆಯ ಮೂಲಕ ಇನ್ನೊಂದಕ್ಕೆ ಹೋಗುತ್ತದೆ, ಮೊದಲನೆಯದು ನಿಲ್ಲುತ್ತ ಬರುತ್ತದೆ, ಆಮೇಲೆ ಮತ್ತೆ ಇದಕ್ಕೆ ಬರುತ್ತದೆ. ತೊಲೆ ಸಣ್ಣದಾಗಿ, ಅಲುಗುವಂತಿದ್ದರೆ ಇದು ಕಣ್ಣಿಗೇ ಕಾಣುತ್ತದೆ. ಒಂದೇ ಆಸರೆಗೆ ಹಾಕಿದ ಎರಡು ಲೋಲಕ ಗಡಿಯಾರಗಳು ಒಂದರ ಲಯಕ್ಕೆ ಇನ್ನೊಂದು ಹೊಂದಿಕೊಳ್ಳುವುದನ್ನು ಹಾಲೆಂಡಿನ ವಿಜ್ಞಾನಿ ಹೈಗೆನ್ಸ್ 1665ರಲ್ಲಿ ಗಮನಿಸಿದ್ದ. ನೆಳಲಸೀಮೆಯಲ್ಲಿ ತೂಗು ಅತ್ತಿತ್ತ ಹೋದ ಹಾಗೆ ನೆಳಲೂ ಅತ್ತಿತ್ತ ಹೋಗುತ್ತದೆ, ಬೆಳಿಗ್ಗೆ ಅಕ್ಕನದು ತಂಗಿಗೆ, ತಂಗಿಯದು ಅಕ್ಕನಿಗೆ. ಅವಳಿ ಹುಟ್ಟಿದ ಮನೆಗೆ ಇನ್ನೊಂದು ತೊಲೆ ಹಾಕಿಸುವುದು ಅಲ್ಲಿ ಸೋದರಮಾವನ ಹೊಣೆ.

ಖಾಲಿ ತೊಟ್ಟಿಲು ತೂಗಬಾರದು ಎಂದು ನಮ್ಮಲ್ಲಿ ಹೇಳುತ್ತಾರೆ. ಅಲ್ಲಿಯೂ ಹೇಳುತ್ತಾರೆ, ಕಾರಣ ಬೇರೆ: ಖಾಲಿ ತೊಟ್ಟಿಲಿಗೂ ನೆಳಲಿದೆ, ತೂಗಿದರೆ ಯಾರದಾದರೂ ಬಂದು ಮಲಗುತ್ತದೆ. ತೊಟ್ಟಿಲು ಶಾಸ್ತ್ರದ ದಿನ ಕೂಸಿಗಿಂತ ಮೊದಲು ಗುಂಡುಕಲ್ಲನ್ನು ತೊಟ್ಟಿಲಿಗೆ ಹಾಕಿ ತೂಗುವ ನಮ್ಮ ಪದ್ಧತಿಯನ್ನೂ ಅಲ್ಲಿ ಇಟ್ಟುಕೊಂಡಿದ್ದೇವೆ. ನಮ್ಮಲ್ಲಿ ಅದು ಕೂಸು ಕಲ್ಲಿನ ಹಾಗೆ ಗಟ್ಟಿಯಾಗಿ ಬಾಳಲಿ ಎಂಬ ಹಾರೈಕೆ. ಅಲ್ಲಿ ಕಲ್ಲಿನ ನೆಳಲು ಎಂದೂ ಮೈಬಿಡದ್ದು, ಅದು ಮೊದಲು ಮಲಗಿ ಜಾಗ ತೋರಿಸಿಕೊಡುತ್ತದೆ. ಹಗ್ಗ ಭಾರ ತಡೆಯುತ್ತದೆಯೇ ಎಂಬುದೂ ಅಷ್ಟೊತ್ತಿಗೆ ತಿಳಿದಿರುತ್ತದೆ.

ಹಾಡಿದವರು ತೆರುವುದು

ಮಾಯೆಗೆ ಬೆಲೆ ಇರಬೇಕು ಎಂದು ಎಲ್ಲರೂ ಹೇಳುತ್ತಾರೆ, ಆಮೇಲೆ ರಕ್ತವನ್ನೋ ಆಯುಷ್ಯವನ್ನೋ ತೆರಿಸುತ್ತಾರೆ. ಜೋಗುಳದ ಬೆಲೆ ಅಷ್ಟು ಆರ್ಭಟದ್ದಾಗಿರಬಾರದು ಎಂಬುದು ನಮ್ಮ ಅಭಿಪ್ರಾಯ. ನಲವತ್ತು ಪದ ಪೂರ್ತಿ ಹಾಡಿದ ಇರುಳು ಹಾಡಿದವಳ ಸ್ವಂತ ನೆಳಲಿನಿಂದ ಒಂದೆಳೆ ಹೋಗುತ್ತದೆ, ಆ ಎಳೆಯಿಂದಲೇ ಕೂಸಿನ ನೆಳಲು ಮೈಗೆ ಹೊಲಿಗೆ ಬೀಳುವುದು. ಒಂದು ಎಳೆ ಕಣ್ಣಿಗೆ ಕಾಣುವುದಿಲ್ಲ. ಬಿಡದೆ ಒಂಬತ್ತು ಇರುಳು ಒಬ್ಬಳೇ ಹಾಡಿದರೆ ಕಾಣುತ್ತದೆ. ಹಾಗಾಗಿ ಮನೆಯಲ್ಲಿ ಸರದಿ ಇದೆ: ತಾಯಿ, ಅಜ್ಜಿ, ಅತ್ತೆ, ದೊಡ್ಡಮ್ಮ. ಬಯಲಿನಲ್ಲಿ ಬಹುಕಾಲ ಗಂಡಸರು ಹಾಡುತ್ತಿರಲಿಲ್ಲ. ಮೇಲ್ಸೀಮೆಯಲ್ಲಿ ಮೊದಲಿನಿಂದಲೂ ಅಪ್ಪಂದಿರದ್ದೇ ಅರ್ಧ ಸರದಿ. ಮೇಲ್ಸೀಮೆಯ ಮನೆಗಳು ತಗ್ಗು, ಹಗ್ಗ 3 ಮೊಳ, ಒಂದು ಪದ 14 ಸೆಕೆಂಡಿಗೇ ಮುಗಿಯುತ್ತದೆ. ಆ 12 ನಿಮಿಷ ತುಂಬಲು ಅಲ್ಲಿ 51 ಪದ ಬೇಕು. ಕರೆ, ಒಪ್ಪು, ಇಳಿತ ಅಷ್ಟೇ ಇದ್ದು, ತೂಗಿನ ಭಾಗ 16ರಿಂದ 27ಕ್ಕೆ ಬೆಳೆದಿದೆ. ಮೇಲ್ಸೀಮೆಯ ಪದಗಳು ಹೆಚ್ಚು, ಅವುಗಳಲ್ಲಿ ಊರುಕೇರಿಯ ಸುದ್ದಿಯೂ ಹೆಚ್ಚು. ಬಯಲಿನ ಸೊಸೆ ಮೇಲ್ಸೀಮೆಗೆ ಹೋದರೆ ತವರಿನ ಲಯದಲ್ಲೇ ಹಾಡಲು ಹೋಗಿ ಮೊದಲ ಕೆಲವು ಇರುಳು ತಪ್ಪುತ್ತಾಳೆ. ಅತ್ತೆಯಾದವಳು ಅವಳಿಗೆ ಹಾಡು ಹೇಳಿಕೊಡುವುದಿಲ್ಲ, ಮೂರು ದಿನ ಬರೀ ಹಗ್ಗ ಹಿಡಿಸುತ್ತಾಳೆ. ಲಯ ಕೈಗೆ ಬಂದ ಮೇಲೆ ಬಾಯಿಗೆ ಬರುತ್ತದೆ.

ಹತ್ತಾರು ಮಕ್ಕಳನ್ನು ಮಲಗಿಸಿದ ಅಜ್ಜಿಯರ ನೆಳಲು ಬಿಸಿಲಲ್ಲಿ ನೀರು ಚೆಲ್ಲಿದ ಗುರುತಿನಷ್ಟು ತೆಳ್ಳಗಿರುತ್ತದೆ. ಸಂತೆಯಲ್ಲಿ ಅಂಥವರು ಎದುರಾದರೆ ಜನ ಪಕ್ಕಕ್ಕೆ ಸರಿದು, ಆ ನೆಳಲನ್ನು ತುಳಿಯದೆ ಹೋಗುತ್ತಾರೆ.

ಹಾಡನ್ನು ಮೊಬೈಲಿನಲ್ಲಿ ಹಿಡಿದಿಟ್ಟು ಹಾಕಿದರೆ ಆಗದೇ ಎಂಬ ಪ್ರಶ್ನೆ ಈ ಕಾಲದವರಿಗೆ ಬಂದೇ ಬರುತ್ತದೆ. ಅಂಥ ಯಂತ್ರ ನೆಳಲಸೀಮೆಯಲ್ಲಿ ಇಲ್ಲ, ಇದ್ದರೂ ಆಗುವುದಿಲ್ಲ. ಹಿಡಿದಿಟ್ಟ ಹಾಡಿಗೆ ಅದರದೇ ಲಯ. ನಿಮ್ಮ ಮನೆಯ ಹಗ್ಗ ಅರ್ಧ ಮೊಳ ಹೆಚ್ಚಿದ್ದರೂ ಕೆಲವೇ ಪದಗಳಲ್ಲಿ ಅದು ತೊಟ್ಟಿಲನ್ನು ಬಿಟ್ಟು ಮುಂದೆ ಹೋಗಿರುತ್ತದೆ. ಖಾಲಿ ಬರವಿನಲ್ಲಿ ಕೂಸು ಅತ್ತಿತೆಂದು ಅದು ಪದವನ್ನು ಮತ್ತೆ ಎತ್ತಿಕೊಳ್ಳುವುದೂ ಇಲ್ಲ.

ಕೊನೆಯದಾಗಿ ಬೆಳಿಗ್ಗೆ ನೋಡಬೇಕಾದದ್ದು. ಸೂರ್ಯ ಹುಟ್ಟಿ ಮನೆಯ ಮುಂದಿನ ಜಗಲಿಗೆ ಬಿಸಿಲು ಬಿದ್ದ ಮೇಲೆ ಕೂಸಿನ ಎರಡು ಕಂಕುಳಿಗೂ ಕೈ ಕೊಟ್ಟು, ಪಾದ ಜಗಲಿಗೆ ತಾಗುವ ಹಾಗೆ ನಿಲ್ಲಿಸಿ ಹಿಡಿಯುತ್ತಾರೆ. ಪಾದ ಮತ್ತು ನೆಳಲು ಕೂಡುವ ಕಡೆ ಬೆಳಕಿನ ಸಂದು ಕಾಣಬಾರದು. ಆಮೇಲೆ ಕೂಸನ್ನು ಮೆಲ್ಲಗೆ ಒಂದು ಗೇಣು ಮೇಲಕ್ಕೆ ಎತ್ತುತ್ತಾರೆ. ನೆಳಲು ತಕ್ಷಣ ಬಿಟ್ಟುಕೊಂಡರೆ ಹೊಲಿಗೆ ಇನ್ನೂ ಹಸಿ, ಇವತ್ತಿನ ಸಂಜೆಯೂ ನಲವತ್ತು ಪದ ಪೂರ್ತಿ ಬೇಕು. ಪಾದ ನೆಲ ಬಿಟ್ಟ ಮೇಲೂ ನೆಳಲಿನ ಹಿಮ್ಮಡಿ ಒಂದು ಕ್ಷಣ ಜೊತೆಗೆ ಮೇಲೆದ್ದು ಬಂದು ಆಮೇಲೆ ಇಳಿದರೆ, ಒಪ್ಪಿನ ಮೊದಲ ಪದವನ್ನು ಅಂದಿನಿಂದ ಬಿಡಬಹುದು. ಹೀಗೆ ಒಂದೊಂದೇ ಪದ ಕಳೆಯುತ್ತ, ಕಡೆಗೆ ನೆತ್ತಿಯ ಪದವೂ ಬೇಡವಾದ ದಿನ ಎಣಿಕೆಯವಳ ಕೈಯ ಹುಣಸೆಬೀಜಗಳನ್ನು ಕೂಸಿಗೇ ಆಟಕ್ಕೆ ಕೊಟ್ಟುಬಿಡುತ್ತಾರೆ. ಅಷ್ಟು ಹೊತ್ತಿಗೆ ಅದು ಬೀಜವನ್ನು ಬಾಯಿಗೆ ಹಾಕಿಕೊಳ್ಳದ ವಯಸ್ಸಿಗೆ ಬಂದಿರುತ್ತದೆ.